ಭೀಮೆಯ ನೆರೆಯೂ ನೆರವಿನ ದಾರಿಯೂ

ಆಳಂದ, ಅಫಜಲಪುರ, ಜೇವರ್ಗಿ ಸೀಮೆಯ ಜನರು ಬರಗಾಲವನ್ನು ಬಲ್ಲಷ್ಟು ನೆರೆಯನ್ನು ಬಲ್ಲವರಲ್ಲ. ಆದರೆ ಭೀಮಾ ನದಿಯು ಹರಿಯುವುದು ಅಫಜಲಪುರ, ಜೇವರ್ಗಿಗಳ ಎರೆಭೂಮಿಯ ಅಂಚಿನಲ್ಲಿಯೇ. ಆಳಂದದ ಕಡೆಯಿಂದ ಇಳಿದುಬರುವ ಅಮರ್ಜೆಯು ಗಾಣಗಾಪುರದ ಬಳಿ ಅದನ್ನು ಕೂಡಿಕೊಳ್ಳುತ್ತದೆ. 2020ರ ಅಕ್ಟೋಬರಿನಲ್ಲಿ ಸ್ಥಳೀಯ ಅತಿವೃಷ್ಟಿಯೊಡನೆ ಮಹಾರಾಷ್ಟ್ರದ ಉಜನಿ, ವೀರ ಜಲಾಶಯಗಳಿಂದ ಬಿಟ್ಟ ನೀರೂ ಸೇರಿತು. ಮಳೆಯ ಬಿರುಸು ಇಳಿದ ಮೇಲೆಯೂ ಹೊಳೆ ಏರುತ್ತಲೇ ಹೋಯಿತು. ರಾಷ್ಟ್ರೀಯ ವಿಪತ್ತು ಸ್ಪಂದನಾ ಪಡೆಯೊಂದಿಗೆ ಸೈನ್ಯವೂ ಬರಬೇಕಾಯಿತು. ಕೊರೋನಾ ಹರಡಿದ್ದ ವರ್ಷವಾದುದರಿಂದ ಜನರನ್ನು ಒಂದೆಡೆ ಕೂಡಿಸುವುದೇ ಮತ್ತೊಂದು ಭಯವಾಗಿತ್ತು.

ಇಂತಹ ಹೊತ್ತಿನಲ್ಲಿ ಪರೋಪಕಾರಬುದ್ಧಿಯೊಂದೇ ಸಾಲದು. ರೊಟ್ಟಿಯ ಬುತ್ತಿ ಹೊತ್ತು ಬಂದ ವಾಹನವನ್ನು ಪೊಲೀಸರು ತಡೆದರೆ ದಾನಿಗಳಿಗೆ ಸಿಟ್ಟು ಬರುವುದು ಸಹಜ. ಆದರೆ 2005ರ ವಿಪತ್ತು ನಿರ್ವಹಣಾ ಅಧಿನಿಯಮದ 34ನೆಯ ಪ್ರಕರಣವು, ಅಪಾಯವಿರುವ ಪ್ರದೇಶಕ್ಕೆ ಜನರ ಪ್ರವೇಶವನ್ನೂ ವಾಹನಸಂಚಾರವನ್ನೂ ನಿರ್ಬಂಧಿಸುವ ಅಧಿಕಾರವನ್ನು ಜಿಲ್ಲಾ ಪ್ರಾಧಿಕಾರಕ್ಕೆ ಕೊಟ್ಟಿದೆ. ಇದಕ್ಕೆ ಕಾರಣವುಂಟು. ಇಕ್ಕಟ್ಟಾದ ಹಳ್ಳಿಯ ದಾರಿಯಲ್ಲಿ ಹತ್ತು ವಾಹನಗಳು ಸಾಲುಗಟ್ಟಿದರೆ ದೋಣಿ ಹೊತ್ತ ಲಾರಿಗೂ ಆಂಬ್ಯುಲೆನ್ಸಿಗೂ ಎಡೆಯಿರುವುದಿಲ್ಲ. ಅದಲ್ಲದೆ ಬಂದ ಸಾಮಗ್ರಿಯೆಲ್ಲ ರಸ್ತೆಬದಿಯ ಊರಿನಲ್ಲಿಯೇ ಇಳಿದು, ಒಳಗಿನ ಊರು ಉಪವಾಸ ಉಳಿಯುವುದೂ ಉಂಟು.

ಊರನ್ನು ತಲುಪಿದ ಮಾತ್ರಕ್ಕೆ ಕೆಲಸ ಮುಗಿಯಿತೆನ್ನುವಂತಿಲ್ಲ. ಮನೆ ಬಿಟ್ಟು ಬರಲು ರೈತನು ಒಪ್ಪುವುದಿಲ್ಲ. ಅದು ಬರಿಯ ಹಟವಲ್ಲ. ಕೊಟ್ಟಿಗೆಯಲ್ಲಿ ಎತ್ತುಗಳಿವೆ, ಮನೆಯಲ್ಲಿ ಜೋಳದ ಚೀಲಗಳಿವೆ, ಬೀಗ ಮುರಿದಾರೆಂಬ ಅಂಜಿಕೆಯಿದೆ. ದನಗಳಿಗೆ ಎತ್ತರದ ಜಾಗ, ಮೇವು, ಖಾಲಿ ಊರಿಗೆ ಕಾವಲು, ಇವು ಮೂರನ್ನೂ ಕಣ್ಣಿಗೆ ಕಾಣುವಂತೆ ಏರ್ಪಡಿಸಿದಲ್ಲಿ ಆತನು ದೋಣಿ ಹತ್ತುತ್ತಾನೆ. ಮೊದಲ ದೋಣಿಯು ತಗ್ಗಿನ ಕೇರಿಗೆ ಹೋಗಬೇಕೇ ಹೊರತು ಪರಿಚಯದ ವಾಡೆಯ ಬಾಗಿಲಿಗಲ್ಲ. ಪಟ್ಟಿ ಬರೆಯುವ ಸ್ಥಳವೂ ಸಣ್ಣ ವಿಷಯವಲ್ಲ. ಎರಡು ಪಕ್ಷಗಳಾಗಿ ಒಡೆದ ಊರಿನಲ್ಲಿ ಒಬ್ಬ ಮುಖಂಡನ ಪಡಸಾಲೆಯಲ್ಲಿ ಕುಳಿತು ಹೆಸರು ಬರೆದುಕೊಂಡರೆ ಇನ್ನೊಂದು ಪಕ್ಷದವರು ಅತ್ತ ಸುಳಿಯುವುದಿಲ್ಲ. ಶಾಲೆಯಲ್ಲಿ ಬರೆದು, ಎಲ್ಲರೆದುರು ಓದಿ ಹೇಳುವುದು ಲೇಸು.

1859ರ ಸೊಲ್ಫೆರಿನೊ ಯುದ್ಧದ ಬಳಿಕ ಹೆನ್ರಿ ಡ್ಯೂನಾಂಟನು ಕಂಡುಕೊಂಡುದೂ ಇದನ್ನೇ. ಗಾಯಾಳು ಯಾವ ಪಕ್ಷದವನೆಂದು ಕೇಳದೆ ಉಪಚರಿಸುವವರಿಗೆ ರಕ್ಷಣೆ ದೊರೆಯಬೇಕೆಂಬ ತತ್ತ್ವವನ್ನು 1864ರ ಜಿನೀವಾ ಒಪ್ಪಂದವು ಅಂಗೀಕರಿಸಿತು. ರೆಡ್‌ಕ್ರಾಸ್ ಚಿಹ್ನೆಗೆ ದಾರಿ ಬಿಡುವುದು ಬಟ್ಟೆಯ ಬಣ್ಣಕ್ಕಾಗಿ ಅಲ್ಲ, ಆ ನಿಷ್ಪಕ್ಷಪಾತದ ನಂಬಿಕೆಗಾಗಿ.

ಇನ್ನು ಸೇವಕರ ಸ್ವಂತ ಸುರಕ್ಷತೆ. ಹರಿಯುವ ನೀರು ಎರಡಡಿ ಇದ್ದರೂ ಜೀಪನ್ನು ತೇಲಿಸಬಲ್ಲದು. ನೆನೆದ ಎರೆಮಣ್ಣಿನ ಅಂಚು ಎಲ್ಲಿ ಕುಸಿಯುವುದೆಂದು ಹೊರಗಿನವನಿಗೆ ತಿಳಿಯದು. ಆದುದರಿಂದ ಊರಿನ ಅಂಬಿಗನೊಬ್ಬನು ಪ್ರತಿ ತಂಡದಲ್ಲಿಯೂ ಇರತಕ್ಕದ್ದು. ಕತ್ತಲಾದ ಮೇಲೆ ದೋಣಿ ಇಳಿಸಕೂಡದು. ಸೊನ್ನ ಬ್ಯಾರೇಜಿನಿಂದ ಎಷ್ಟು ನೀರು ಬಿಡಲಾಗುತ್ತಿದೆ ಎಂಬುದನ್ನು ವಿಚಾರಿಸಿಯೇ ಹೊರಡಬೇಕು. ಕಲಬುರಗಿಯಿಂದ ಜೇವರ್ಗಿಗೆ ಹೋಗುವ ರಸ್ತೆಯು ಕಟ್ಟಿಸಂಗಾವಿಯಲ್ಲಿ ಭೀಮೆಯನ್ನು ದಾಟುತ್ತದೆ. ಆ ಸೇತುವೆ ಮುಚ್ಚಿತೆಂದರೆ ಬಳಸುದಾರಿಯೇ ಗತಿ. 2025ರ ಸೆಪ್ಟೆಂಬರಿನಲ್ಲಿ ಭೀಮೆ ಮತ್ತೆ ಉಕ್ಕಿತು. ಅಕ್ಕಿ, ಮೇವು, ಔಷಧಿಗಳನ್ನು ಮಳೆಗಾಲಕ್ಕೆ ಮೊದಲೇ ಹೊಳೆಯ ಎರಡೂ ದಂಡೆಗಳಲ್ಲಿ ಕೂಡಿಡಬೇಕಾಗುವುದು ಈ ಕಾರಣದಿಂದಲೇ.