ಪರ್ವತ ಮಾರ್ಗದರ್ಶಕ ಕ್ಯಾರೆಲ್

ಇಟಲಿ ಮತ್ತು ಸ್ವಿಟ್ಜರ್ಲೆಂಡ್ ದೇಶಗಳ ಗಡಿಯಲ್ಲಿ, ಆಲ್ಪ್ಸ್ ಪರ್ವತಶ್ರೇಣಿಯ ನಡುವೆ, ಗೋಪುರದಂತೆ ಒಂಟಿಯಾಗಿ ತಲೆಯೆತ್ತಿ ನಿಂತಿರುವ ಶಿಖರವೇ ಮ್ಯಾಟರ್‌ಹಾರ್ನ್. ಇದರ ಎತ್ತರ 4,478 ಮೀಟರು. ಹತ್ತೊಂಬತ್ತನೆಯ ಶತಮಾನದ ನಡುಗಾಲದವರೆಗೂ ಇದನ್ನು ಯಾರೂ ಏರಿರಲಿಲ್ಲ. ತುದಿಯಲ್ಲಿ ಭೂತಪ್ರೇತಗಳು ವಾಸಿಸುವ ಪಾಳುಪಟ್ಟಣವೊಂದು ಇದೆಯೆಂದು ಬುಡದ ಹಳ್ಳಿಗಳ ಜನ ಕಥೆ ಹೇಳುತ್ತಿದ್ದರು. ಈ ಕಥೆಗೆ ಅಂಜದೆ ಶಿಖರದ ಮೇಲೆ ಕಣ್ಣಿಟ್ಟವನು ಜಾನ್ ಆಂಟ್ವಾನ್ ಕ್ಯಾರೆಲ್.

ಇವನು 1829ರಲ್ಲಿ, ಶಿಖರದ ದಕ್ಷಿಣಕ್ಕಿರುವ ವಾಲ್‌ತೂರ್ನಾಂಶ್ ಕಣಿವೆಯಲ್ಲಿ ಜನಿಸಿದನು. ಯೌವನದಲ್ಲಿ ಸೈನ್ಯವನ್ನು ಸೇರಿ, ಇಟಲಿಯ ಏಕೀಕರಣಕ್ಕಾಗಿ ನಡೆದ ಯುದ್ಧಗಳಲ್ಲಿ ಹೋರಾಡಿದನು. ಊರಿಗೆ ಮರಳಿದ ಮೇಲೆ ಮಾರ್ಗದರ್ಶಕ ವೃತ್ತಿಯನ್ನು ಕೈಗೊಂಡನು.

ಮಾರ್ಗದರ್ಶಕನ ಕೆಲಸವೆಂದರೆ ದಾರಿ ತೋರಿಸುವುದಷ್ಟೇ ಅಲ್ಲ. ಪರ್ವತದಲ್ಲಿ ದಾರಿಯೇ ಇರುವುದಿಲ್ಲ. ಗಟ್ಟಿ ಮಂಜಿನಲ್ಲಿ ಕೊಡಲಿಯಿಂದ ಮೆಟ್ಟಿಲುಗಳನ್ನು ಕಡಿಯಬೇಕು. ಹಿಮದ ತೆಳು ಹೊದಿಕೆಯ ಕೆಳಗೆ ಅಡಗಿರುವ ಬಿರುಕುಗಳನ್ನು ಕೋಲಿನಿಂದ ಚುಚ್ಚಿ ಕಂಡುಹಿಡಿಯಬೇಕು. ಮೋಡದ ಬಣ್ಣ ಕಂಡು ಬಿರುಗಾಳಿಯನ್ನು ಊಹಿಸಬೇಕು. ಏರುವಾಗ ಅನುಭವಿಯು ಎಲ್ಲರಿಗಿಂತ ಮುಂದಿರುತ್ತಾನೆ. ಇಳಿಯುವಾಗ ಅವನ ಸ್ಥಾನ ಸಾಮಾನ್ಯವಾಗಿ ಎಲ್ಲರಿಗಿಂತ ಹಿಂದೆ. ಕೆಳಗಿನವನು ಕಾಲು ಜಾರಿದರೆ ಹಗ್ಗವನ್ನು ಹಿಡಿದು ನಿಲ್ಲಬೇಕಾದವನು ಅವನೇ ಅಲ್ಲವೇ?

ಎಡ್ವರ್ಡ್ ವಿಂಪರ್ ಎಂಬ ಆಂಗ್ಲ ಯುವಕನು ಕ್ಯಾರೆಲನೊಡನೆ ಈ ಶಿಖರವನ್ನು ಏರಲು ಯತ್ನಿಸಿ ವಿಫಲನಾಗಿದ್ದನು. 1865ರ ಜುಲೈ ತಿಂಗಳಿನಲ್ಲಿ ಅವನು ಮತ್ತೆ ಬಂದಾಗ, ಕ್ಯಾರೆಲನು ಇಟಲಿಯವರ ತಂಡದೊಡನೆ ಹೊರಟುಹೋಗಿದ್ದನು. ತನಗೆ ವಂಚನೆಯಾಯಿತೆಂದು ವಿಂಪರನು ನೊಂದುಕೊಂಡನು. ಆದರೆ ತನ್ನ ಕಣಿವೆಯ ಶಿಖರವನ್ನು ತನ್ನ ದೇಶದವರೇ ಮೊದಲು ಮೆಟ್ಟಬೇಕೆಂಬ ಕ್ಯಾರೆಲನ ಹಂಬಲವನ್ನು ತಪ್ಪೆನ್ನುವುದು ಕಷ್ಟ. ವಿಂಪರನು ಆಚೆಯ ಸ್ವಿಸ್ ಪಾರ್ಶ್ವಕ್ಕೆ ಧಾವಿಸಿ, ಬೇರೊಂದು ತಂಡವನ್ನು ಕೂಡಿಸಿಕೊಂಡು, ಜುಲೈ 14ರಂದು ತುದಿಯನ್ನು ಮುಟ್ಟಿದನು. ಇನ್ನೂ ಬಹಳ ಕೆಳಗಿದ್ದ ಕ್ಯಾರೆಲನಿಗೆ ತಿಳಿಯಲೆಂದು ಅವನು ಕೂಗಿದನು, ಕಲ್ಲುಗಳನ್ನು ಉರುಳಿಸಿದನು. ಕ್ಯಾರೆಲನು ಹಿಂದಿರುಗಿದನು. ಆದರೆ ವಿಂಪರನ ವಿಜಯವೂ ಅಂದೇ ದುಃಖದಲ್ಲಿ ಮುಳುಗಿತು. ಇಳಿಯುವಾಗ ಒಬ್ಬನು ಜಾರಿದನು. ಹಗ್ಗ ತುಂಡಾಗಿ, ಏಳು ಜನರಲ್ಲಿ ನಾಲ್ವರು ಪ್ರಪಾತಕ್ಕೆ ಬಿದ್ದು ಮಡಿದರು.

ಮೂರು ದಿನಗಳ ತರುವಾಯ, ಜುಲೈ 17ರಂದು, ಕ್ಯಾರೆಲನು ಹೆಚ್ಚು ಕಠಿಣವಾದ ಇಟಲಿಯ ಪಾರ್ಶ್ವದಿಂದಲೇ ಏರಿ ಶಿಖರವನ್ನು ಮುಟ್ಟಿದನು. ಜೊತೆಗಿದ್ದ ಏಮೆ ಗೊರೆ ಎಂಬ ಪಾದ್ರಿಯು, ಹಿಂದಿರುಗುವವರಿಗೆ ಆಸರೆ ಬೇಕಾದೀತೆಂದು, ತುದಿಗೆ ಸ್ವಲ್ಪ ಕೆಳಗೆಯೇ ಇನ್ನೊಬ್ಬನೊಡನೆ ಉಳಿದುಕೊಂಡನು. ಇಂಥವರ ಹೆಸರು ದಾಖಲೆಯಲ್ಲಿ ಎರಡನೆಯ ಸಾಲಿನಲ್ಲಿರುತ್ತದೆ.

ವಿಂಪರನು ಹಳೆಯ ಮನಸ್ತಾಪವನ್ನು ಬೆಳೆಸಲಿಲ್ಲ. ದಕ್ಷಿಣ ಅಮೆರಿಕದ ಈಕ್ವೆಡಾರ್ ದೇಶಕ್ಕೆ ಹೋಗುವಾಗ ಅವನು ಆರಿಸಿಕೊಂಡದ್ದು ಕ್ಯಾರೆಲನನ್ನೇ. 1880ರ ಜನವರಿ 4ರಂದು, 6,200 ಮೀಟರಿಗೂ ಮಿಗಿಲಾದ ಚಿಂಬೊರಾಸೊ ಶಿಖರವನ್ನು ಅವರು ಮೊಟ್ಟಮೊದಲು ಏರಿದರು.

1890ರ ಆಗಸ್ಟ್ ತಿಂಗಳು. ಕ್ಯಾರೆಲನಿಗೆ ಆಗ ಅರುವತ್ತೊಂದು ವರ್ಷ. ಸಿನಿಗಾಲಿಯಾ ಎಂಬ ಇಪ್ಪತ್ತೆರಡು ವರ್ಷದ ಯುವಕನನ್ನು ಕರೆದುಕೊಂಡು, ಇನ್ನೊಬ್ಬ ಮಾರ್ಗದರ್ಶಕನೊಡನೆ, ಅವನು ಮ್ಯಾಟರ್‌ಹಾರ್ನ್ ಏರಹೊರಟನು. ನಡುದಾರಿಯ ಗುಡಿಸಲನ್ನು ಸೇರಿದಾಗ ಭೀಕರ ಬಿರುಗಾಳಿ ಎದ್ದಿತು. ಎರಡು ರಾತ್ರಿ ಅವರು ಅಲ್ಲಿಯೇ ಸೆರೆಯಾದರು. ಆಹಾರ ಮುಗಿಯುತ್ತ ಬಂದಿತು, ಇಳಿಯದೆ ಗತಿಯಿರಲಿಲ್ಲ. ಬಂಡೆಗಳ ಮೇಲೆ ಮಂಜುಗಡ್ಡೆ, ಕಬ್ಬಿಣದಂತೆ ಸೆಟೆದ ಹಗ್ಗಗಳು, ಕಣ್ಣಿಗೆ ಹೊಡೆಯುವ ಹಿಮ. ಅಂಗುಲ ಅಂಗುಲವೂ ಪರಿಚಿತವಾಗಿದ್ದ ಆ ಪರ್ವತದಲ್ಲಿ ಮುದುಕನು ಗಂಟೆಗಟ್ಟಲೆ ಅವರನ್ನು ಇಳಿಸಿದನು. ಕತ್ತಲಾಯಿತು. ಅವನ ಶಕ್ತಿ ಕುಂದತೊಡಗಿತು. ಆದರೂ ಅಪಾಯದ ಬಂಡೆಗಳೆಲ್ಲ ಹಿಂದಾಗುವವರೆಗೆ ಅವನು ನಿಂತೇ ಇದ್ದನು. ಆಮೇಲೆ ಕುಸಿದನು. ಅವನನ್ನು ಎಚ್ಚರಿಸಲು ಇಬ್ಬರೂ ಮಾಡಿದ ಪ್ರಯತ್ನ ಫಲಿಸಲಿಲ್ಲ. ಹಿಮದ ಮೇಲೆಯೇ ಅವನ ಪ್ರಾಣ ಹೋಯಿತು. ಸಿನಿಗಾಲಿಯಾನೂ ಅವನ ಸಂಗಡಿಗನೂ ಕಣಿವೆಯನ್ನು ಕ್ಷೇಮವಾಗಿ ಸೇರಿದರು. ಕ್ಯಾರೆಲನು ಬಿದ್ದ ಜಾಗದಲ್ಲಿ ಒಂದು ಶಿಲುಬೆಯನ್ನು ನಿಲ್ಲಿಸಲಾಗಿದೆ. ಇಟಲಿಯ ಕಡೆಯಿಂದ ಏರುವವರು ಇಂದಿಗೂ ಅದರ ಪಕ್ಕದಲ್ಲಿಯೇ ಹಾದುಹೋಗುತ್ತಾರೆ.