ಮೇರಿ-ಆನ್ ಎಂಬ ಹೆಸರಿನ ಅರ್ಥವೂ ಅದರ ಹುಟ್ಟೂ

ಇಂಗ್ಲಿಷ್ ಪುಸ್ತಕಗಳಲ್ಲಿ ಮೇರಿ-ಆನ್ ಎಂಬ ಹೆಣ್ಣುಮಗಳ ಹೆಸರು ಆಗಾಗ್ಗೆ ಕಾಣುವದು. ಎರಡು ಹೆಸರುಗಳು, ಅವುಗಳ ನಡುವೆ ಒಂದು ಚಿಕ್ಕ ಗೆರೆ. ಇದು ಆಂಗ್ಲೇಯರ ಹೆಸರೆಂದು ನಮ್ಮಲ್ಲಿ ಅನೇಕರು ಎಣಿಸುತ್ತಾರೆ. ಆದರೆ ಇದರ ಎರಡು ಭಾಗಗಳಲ್ಲಿ ಒಂದಾದರೂ ಇಂಗ್ಲೆಂಡಿನಲ್ಲಿ ಹುಟ್ಟಿದ್ದಲ್ಲ. ಎರಡೂ ಇಬ್ರಿಯ ಭಾಷೆಯ ಮೂಲಕ ಬಂದವು. ಎರಡೂ ನಮ್ಮ ಕನ್ನಡ ಸತ್ಯವೇದದಲ್ಲಿ ಇವೆ. ಮತ್ತು ನಾವು ಅವುಗಳನ್ನು ಓದುತ್ತಿದ್ದರೂ ಗುರುತು ಹಿಡಿಯದೆ ಹೋಗುತ್ತೇವೆ. ಪ್ರಿಯ ಓದುಗರು ಸತ್ಯವೇದವನ್ನು ಪಕ್ಕದಲ್ಲಿ ಇಟ್ಟುಕೊಂಡು ಈ ಪಾಠವನ್ನು ಓದಿದರೆ ಹೆಚ್ಚು ಪ್ರಯೋಜನವಾಗುವದು.

ಮೊದಲು ಮೇರಿ ಎಂಬದನ್ನು ನೋಡೋಣ. ಮೋಶೆಯ ಅಕ್ಕನಾದ ಮಿರ್ಯಾಮಳನ್ನು ನಾವು ಬಲ್ಲೆವು. ಕರ್ತನ ತಾಯಿಯಾದ ಮರಿಯಳನ್ನೂ ಬಲ್ಲೆವು. ಈ ಇಬ್ಬರ ಹೆಸರು ಒಂದೇ ಎಂಬದನ್ನು ಬಲ್ಲವರು ಸ್ವಲ್ಪ ಮಂದಿ. ಇಬ್ರಿಯ ಭಾಷೆಯಲ್ಲಿ ಮಿರ್ಯಾಮ್ ಎಂದಿದ್ದದ್ದು ಹಳೆಯ ಒಡಂಬಡಿಕೆಯನ್ನು ಗ್ರೀಕ್ ಭಾಷೆಗೆ ತಿರುಗಿಸಿದವರ ಕೈಯಲ್ಲಿ ಮರಿಯಾಮ್ ಆಯಿತು. ಗ್ರೀಕರ ಬಾಯಿಯಲ್ಲಿಯೂ ಲ್ಯಾಟಿನ್ ಮಾತಾಡುವವರ ಬಾಯಿಯಲ್ಲಿಯೂ ಕೊನೆಯ ಮಕಾರವು ಬಿದ್ದುಹೋಗಿ ಮರಿಯಾ ಎಂದಾಯಿತು. ಫ್ರೆಂಚರು ಅದನ್ನು ಮಾರೀ ಎಂದರು. ಇಂಗ್ಲೆಂಡಿನವರು ಮೇರಿ ಎಂದರು. ಪ್ರತಿಯೊಂದು ನಾಡಿನವರು ತಮ್ಮ ನಾಲಿಗೆಗೆ ತಕ್ಕಂತೆ ಅದನ್ನು ಸವೆಸಿಕೊಂಡಿದ್ದಾರೆ.

ಇದರ ಅರ್ಥವೇನು? ಇಲ್ಲಿ ವಿದ್ವಾಂಸರು ಒಮ್ಮತಕ್ಕೆ ಬಂದಿಲ್ಲ. ಕೆಲವರು ಇದನ್ನು ಇಬ್ರಿಯ ಭಾಷೆಯ ‘ಕಹಿ’ ಎಂಬ ಮಾತಿಗೆ ಸೇರಿಸುತ್ತಾರೆ. ವಿಮೋಚನಕಾಂಡದ 15ನೇ ಅಧ್ಯಾಯವನ್ನು ತೆರೆದು ನೋಡಿರಿ. ಮಿರ್ಯಾಮಳು ದಮ್ಮಡಿಯನ್ನು ಕೈಯಲ್ಲಿ ಹಿಡಿದು ಹಾಡಿದ ಕೂಡಲೆ, ಅದೇ ಅಧ್ಯಾಯದಲ್ಲಿ, ಜನರು ಕುಡಿಯಲಾರದ ಕಹಿ ನೀರಿನ ಸ್ಥಳಕ್ಕೆ ಬರುತ್ತಾರೆ. ಆ ಸ್ಥಳಕ್ಕೆ ಮಾರಾ ಎಂದು ಹೆಸರು. ಬೇರೆ ಕೆಲವರು ‘ಎದುರು ಬೀಳುವದು’ ಎಂಬ ಅರ್ಥವನ್ನು ಹೇಳುತ್ತಾರೆ. ಅವಳು ಹುಟ್ಟಿದ್ದು ಐಗುಪ್ತದಲ್ಲಿ ಆದದರಿಂದ ಹೆಸರೂ ಐಗುಪ್ತದ್ದೇ ಆಗಿರಬೇಕು, ಆ ಭಾಷೆಯಲ್ಲಿ ‘ಪ್ರಿಯಳು’ ಎಂದು ಅದರ ಅರ್ಥ ಎಂಬದು ಮೂರನೆಯ ಅಭಿಪ್ರಾಯ. ನಮಗೆ ಈ ಮೂರನೆಯದೇ ಹೆಚ್ಚು ಹಿಡಿಸುತ್ತದೆ. ಯಾಕಂದರೆ ತಮ್ಮನಾದ ಮೋಶೆಯ ಹೆಸರನ್ನೂ ಐಗುಪ್ತದ ಮಾತಿನಿಂದ ಬಂದದ್ದೆಂದು ಅನೇಕ ಪಂಡಿತರು ಒಪ್ಪುತ್ತಾರೆ.

ನಾಲ್ಕನೆಯ ಅರ್ಥವೂ ಒಂದುಂಟು, ಅದರ ಕಥೆ ಸ್ವಾರಸ್ಯವಾಗಿದೆ. ಸತ್ಯವೇದವನ್ನು ಲ್ಯಾಟಿನ್ ಭಾಷೆಗೆ ತಿರುಗಿಸಿದ ಜೆರೋಮನು ಈ ಹೆಸರನ್ನು ‘ಸಮುದ್ರದ ಹನಿ’ ಎಂದು ಬಿಡಿಸಿದ್ದನು. ಲ್ಯಾಟಿನ್ ಭಾಷೆಯಲ್ಲಿ ಹನಿಗೆ ಸ್ಟಿಲ್ಲಾ ಎಂದೂ ನಕ್ಷತ್ರಕ್ಕೆ ಸ್ಟೆಲ್ಲಾ ಎಂದೂ ಹೆಸರು. ಕೈಬರಹದ ಪ್ರತಿಗಳನ್ನು ಮಾಡುತ್ತಿದ್ದ ಯಾರೋ ಒಬ್ಬನು ಒಂದು ಅಕ್ಷರವನ್ನು ಬದಲಾಗಿ ಬರೆದದರಿಂದ ಹನಿಯು ನಕ್ಷತ್ರವಾಯಿತು ಎಂದು ಬಹುಮಂದಿ ಎಣಿಸುತ್ತಾರೆ. ‘ಸಮುದ್ರದ ನಕ್ಷತ್ರ’ ಎಂಬ ಬಿರುದು ಅಲ್ಲಿಂದ ಹುಟ್ಟಿ ನೂರಾರು ವರುಷ ನಡೆದು ಬಂತು.

ಮಗಳಿಗೆ ‘ಕಹಿ’ ಎಂದು ಹೆಸರಿಡುವವರು ಇದ್ದಾರೋ ಎಂದು ಯಾರಾದರೂ ಕೇಳಬಹುದು. ಇದ್ದಾರೆ. ರೂತಳ ಪುಸ್ತಕದಲ್ಲಿ ನೊವೊಮಿಯು ಗಂಡನನ್ನೂ ಇಬ್ಬರು ಗಂಡುಮಕ್ಕಳನ್ನೂ ಕಳಕೊಂಡು ಬೇತ್ಲೆಹೇಮಿಗೆ ತಿರಿಗಿ ಬಂದಾಗ, ತನ್ನನ್ನು ಇನ್ನು ಮೇಲೆ ನೊವೊಮಿ ಎನ್ನಬೇಡಿರಿ, ಮಾರಾ ಎನ್ನಿರಿ ಎಂದು ಊರಿನ ಹೆಂಗಸರಿಗೆ ಹೇಳುತ್ತಾಳೆ. ಆದರೂ ಪುಸ್ತಕವನ್ನು ಬರೆದವನು ಒಂದು ಸಾರಿಯಾದರೂ ಅವಳನ್ನು ಮಾರಾ ಎಂದು ಕರೆಯುವದಿಲ್ಲ. ಕಡೆಯ ವರೆಗೂ ನೊವೊಮಿ ಎಂದೇ ಬರೆಯುತ್ತಾನೆ. ಇದು ಗಮನಿಸತಕ್ಕ ಸಂಗತಿ. ನಮ್ಮ ಹಳ್ಳಿಗಳಲ್ಲಿ ಹುಟ್ಟಿದ ಕೂಸುಗಳು ಉಳಿಯದ ಮನೆಯವರು ಮುಂದಿನ ಕೂಸಿಗೆ ತಿಪ್ಪಮ್ಮ ಎಂದು ಹೆಸರಿಡುವದುಂಟು. ಅದು ಭಯದಿಂದ ಇಟ್ಟ ಹೆಸರು, ಆ ಭಯದ ಹಿಂದೆ ಪ್ರೀತಿ ಇದೆ. ಆದರೆ ಹೆಣ್ಣು ಬೇಡವೆಂದು ಇಟ್ಟ ಹೆಸರು ಬೇರೆ ತರದ್ದು. ಮಹಾರಾಷ್ಟ್ರದ ಸಾತಾರಾ ಜಿಲ್ಲೆಯಲ್ಲಿ ‘ಬೇಡವಾದವಳು’ ಎಂಬ ಅರ್ಥದ ನಕುಸಾ ಎಂಬ ಹೆಸರನ್ನು ಹೊತ್ತಿದ್ದ 285 ಹೆಣ್ಣುಮಕ್ಕಳಿಗೆ 2011ನೇ ಇಸವಿಯ ಅಕ್ಟೋಬರ್ ತಿಂಗಳಲ್ಲಿ ಒಂದೇ ಸಮಾರಂಭದಲ್ಲಿ ಹೊಸ ಹೆಸರುಗಳು ಕೊಡಲ್ಪಟ್ಟವು. ಶಾಲೆಯಲ್ಲಿ ಹಾಜರಿ ಕರೆಯುವಾಗ ದಿನಾಲೂ ‘ಬೇಡವಾದವಳೇ’ ಎಂದು ಕೇಳಿಸಿಕೊಳ್ಳುತ್ತಿದ್ದ ಮಗುವಿನ ಮನಸ್ಸನ್ನು ನಾವು ಊಹಿಸಿಕೊಳ್ಳಬೇಕು.

ಹೊಸ ಒಡಂಬಡಿಕೆಯಲ್ಲಿ ಎಷ್ಟು ಮಂದಿ ಮರಿಯಳು ಇದ್ದಾರೆಂಬದನ್ನು ಎಣಿಸಿ ನೋಡಿರಿ. ಕರ್ತನ ತಾಯಿ, ಮಗ್ದಲದವಳು, ಬೇಥಾನ್ಯದಲ್ಲಿ ಮಾರ್ಥಳ ತಂಗಿ, ಯಾಕೋಬ ಯೋಸೆ ಎಂಬವರ ತಾಯಿ, ಕ್ಲೋಪನ ಹೆಂಡತಿ, ಮಾರ್ಕನೆನಿಸಿಕೊಂಡ ಯೋಹಾನನ ತಾಯಿ, ರೋಮಾಪುರದ ಸಭೆಗಾಗಿ ಪ್ರಯಾಸಪಟ್ಟವಳು. ಇವರಲ್ಲಿ ಕೆಲವರು ಒಬ್ಬಳೇ ಆಗಿರಬಹುದೆಂದು ಹೇಳುವವರಿದ್ದರೂ ಲೆಕ್ಕವು ಬಹಳ ತಗ್ಗುವದಿಲ್ಲ. ಯೆರೂಸಲೇಮಿನ ಸುತ್ತಲಿನ ಗವಿಗಳಲ್ಲಿ ದೊರೆತ, ಆ ಕಾಲದವರ ಎಲುಬುಗಳನ್ನು ಇಟ್ಟಿದ್ದ ಕಲ್ಲುಪೆಟ್ಟಿಗೆಗಳ ಮೇಲೆ ಕೊರೆದ ಹೆಸರುಗಳಿಂದಲೂ, ಆಗಿನ ಯೆಹೂದ್ಯ ಹೆಂಗಸರಲ್ಲಿ ಇದೇ ಎಲ್ಲಕ್ಕಿಂತ ಹೆಚ್ಚಾಗಿ ಬಳಕೆಯಲ್ಲಿದ್ದ ಹೆಸರೆಂದು ತಿಳಿದುಬಂದಿದೆ. ಹೀಗೆ ಒಂದೇ ಹೆಸರಿನವರು ಹೆಚ್ಚಾದಾಗ ಜನರು ಏನು ಮಾಡುತ್ತಾರೆ? ಊರನ್ನೋ ಮಗನನ್ನೋ ಗಂಡನನ್ನೋ ಸೇರಿಸಿ ಹೇಳುತ್ತಾರೆ. ಒಂದು ಕೇರಿಯಲ್ಲಿ ಮೂವರು ಲಕ್ಷ್ಮಮ್ಮಂದಿರಿದ್ದರೆ ನಾವೂ ಮೂಲೆಮನೆ ಲಕ್ಷ್ಮಮ್ಮ, ಬಾವಿಮನೆ ಲಕ್ಷ್ಮಮ್ಮ ಎನ್ನುವದಿಲ್ಲವೇ?

ಇನ್ನು ಆನ್ ಎಂಬ ಎರಡನೆಯ ಭಾಗ. ಇದಕ್ಕೆ ಅರ್ಥದ ವಿಷಯದಲ್ಲಿ ಜಗಳವೇ ಇಲ್ಲ. ಸಮುವೇಲನ ತಾಯಿಯಾದ ಹನ್ನಳ ಹೆಸರು ಇದು. ‘ಕೃಪೆ’ ಎಂದು ಅದರ ಅರ್ಥ. ಯೋಹಾನ, ಹನನ್ಯ ಎಂಬ ಹೆಸರುಗಳ ಒಳಗೂ ಇದೇ ಮಾತು ಅಡಗಿದೆ. ಗ್ರೀಕರು ಹೆಸರಿನ ಆರಂಭದಲ್ಲಿದ್ದ ಗಂಟಲಿನ ಹಕಾರವನ್ನು ಬರೆಯಲು ಅಕ್ಷರವಿಲ್ಲದೆ ಅದನ್ನು ಬಿಟ್ಟು ಅನ್ನಾ ಎಂದು ಬರೆದರು. ಆದದರಿಂದಲೇ ಲೂಕನ ಸುವಾರ್ತೆಯ 2ನೇ ಅಧ್ಯಾಯದಲ್ಲಿ ದೇವಾಲಯವನ್ನು ಬಿಟ್ಟುಹೋಗದೆ ಇದ್ದ ಮುದುಕಿಯ ಹೆಸರು ನಮ್ಮ ಸತ್ಯವೇದದಲ್ಲಿ ಅನ್ನಳು ಎಂದಿದೆ. ಶೀಲೋವಿನ ಆಲಯದಲ್ಲಿ ಅತ್ತವಳು ಹನ್ನಳು; ಯೆರೂಸಲೇಮಿನ ಆಲಯದಲ್ಲಿ ಕೂಸಾದ ಕರ್ತನನ್ನು ಕಂಡವಳು ಅನ್ನಳು. ಹೆಸರು ಒಂದೇ. ಅನ್ನಳೆಂದರೆ ಊಟದ ಅನ್ನವೆಂದು ತಿಳುಕೊಂಡವರೂ ನಮ್ಮಲ್ಲಿ ಇದ್ದಾರೆ. ಅದು ಕನ್ನಡದ ಕಿವಿಗೆ ಹಾಗೆ ಕೇಳಿಸುವದೇ ಹೊರತು ಈ ಎರಡಕ್ಕೂ ಸಂಬಂಧವಿಲ್ಲ.

ಹನ್ನಳ ಚರಿತ್ರೆಯನ್ನು 1 ಸಮುವೇಲದ ಮೊದಲನೆಯ ಎರಡು ಅಧ್ಯಾಯಗಳಲ್ಲಿ ಓದಿರಿ. ಅವಳಿಗೆ ಮಕ್ಕಳಿರಲಿಲ್ಲ, ಸವತಿಯಾದ ಪೆನಿನ್ನಳು ಅವಳನ್ನು ಕೆಣಕುತ್ತಿದ್ದಳು, ಅವಳು ತುಟಿ ಮಾತ್ರ ಅಲ್ಲಾಡಿಸಿ ಪ್ರಾರ್ಥಿಸುವಾಗ ಯಾಜಕನಾದ ಏಲಿಯು ಅವಳನ್ನು ಕುಡಿದವಳೆಂದು ಎಣಿಸಿದನು. ‘ಕೃಪೆ’ ಎಂಬ ಹೆಸರನ್ನು ಹೊತ್ತುಕೊಂಡು ಅವಳು ವರುಷ ವರುಷ ಅತ್ತಳು. ಮಗನು ಹುಟ್ಟಿದಾಗ ಅವನಿಗೆ ಹೆಸರಿಟ್ಟವಳು ಅವಳೇ. ತರುವಾಯ ಅವಳಿಗೆ ಮೂವರು ಗಂಡುಮಕ್ಕಳೂ ಇಬ್ಬರು ಹೆಣ್ಣುಮಕ್ಕಳೂ ಹುಟ್ಟಿದರೆಂದು ಬರೆದಿದೆ. ಆ ಇಬ್ಬರು ಹೆಣ್ಣುಮಕ್ಕಳ ಹೆಸರುಗಳು ನಮಗೆ ದೊರೆತಿದ್ದರೆ ಎಷ್ಟು ಚೆನ್ನಾಗಿರುತ್ತಿತ್ತು!

ಈ ಹೆಸರು ಇಂಗ್ಲೆಂಡಿಗೆ ಎರಡು ಬಾಗಲುಗಳಿಂದ ಹೋಯಿತು. ಮೊದಲನೆಯದು ಪಾರಂಪರ್ಯದ ಬಾಗಲು. ಕರ್ತನ ತಾಯಿಯಾದ ಮರಿಯಳ ತಂದೆತಾಯಿಗಳ ಹೆಸರುಗಳು ಸತ್ಯವೇದದಲ್ಲಿ ಎಲ್ಲಿಯೂ ಇಲ್ಲ. ಎರಡನೆಯ ಶತಮಾನದಲ್ಲಿ ಯಾಕೋಬನ ಹೆಸರಿನಲ್ಲಿ ಬರೆಯಲ್ಪಟ್ಟ ಒಂದು ಪುಸ್ತಕವು ಅವಳ ತಾಯಿಯ ಹೆಸರು ಅನ್ನಾ ಎಂದು ಹೇಳುತ್ತದೆ. ಸಮುವೇಲನ ತಾಯಿಯ ಚರಿತ್ರೆಯ ಅಚ್ಚಿನಲ್ಲಿಯೇ ಆ ಕಥೆ ಎರೆಯಲ್ಪಟ್ಟಿದೆ. ಅಲ್ಲಿಂದ ಸಂತ ಆನ್ ಎಂಬವಳ ಭಕ್ತಿಯು ಯೂರೋಪಿನಲ್ಲೆಲ್ಲಾ ಹಬ್ಬಿತು. ಗಣಿಗಾರರು ಅವಳನ್ನು ತಮ್ಮ ಕಾಯುವವಳೆಂದು ಎಣಿಸುತ್ತಿದ್ದರು. ಮಾರ್ಟಿನ್ ಲೂಥರನ ತಂದೆಯು ಗಣಿಯ ಕೆಲಸದವನು. 1505ನೇ ಇಸವಿಯ ಜುಲೈ 2ರಂದು ಆ ಯೌವನಸ್ಥನು ತಂದೆತಾಯಿಗಳ ಮನೆಯಿಂದ ಎರ್ಫರ್ಟಿಗೆ ಹಿಂತಿರುಗುವಾಗ ಸ್ಟೋಟರ್ನ್‌ಹೈಮ್ ಎಂಬ ಹಳ್ಳಿಯ ಬಳಿ ಸಿಡಿಲು ಹತ್ತಿರವೇ ಬಡಿಯಲು, ಹೆದರಿ ಅವಳ ಹೆಸರನ್ನೇ ಕೂಗಿ, ಸನ್ಯಾಸಿಯಾಗುವೆನೆಂದು ಹರಕೆ ಹೊತ್ತನು. ಎರಡು ವಾರಗಳಲ್ಲಿ ಮಠವನ್ನು ಸೇರಿದನು. ಮುಂದೆ 1517ರಲ್ಲಿ ನಡೆದದ್ದನ್ನು ಎಲ್ಲರೂ ಬಲ್ಲಿರಿ.

ಎರಡನೆಯದು ಪುಸ್ತಕದ ಬಾಗಲು. ಮತಸುಧಾರಣೆಯ ತರುವಾಯ ಇಂಗ್ಲೆಂಡಿನ ಜನರು ಸತ್ಯವೇದವನ್ನು ತಮ್ಮ ಸ್ವಂತ ಮಾತಿನಲ್ಲಿ ಓದತೊಡಗಿದರು. 1560ರ ಜಿನೀವಾ ಪ್ರತಿಯೂ 1611ರ ಅರಸನ ಪ್ರತಿಯೂ ಮನೆಮನೆಗಳಲ್ಲಿ ಬಂದವು. ಆಗ ಅವರು ಹಳೆಯ ಒಡಂಬಡಿಕೆಯ ಹೆಸರುಗಳನ್ನು ಹುಡುಕಿ ಮಕ್ಕಳಿಗೆ ಇಟ್ಟರು. ಸಾರಾ, ರಾಹೇಲ್, ರೆಬೆಕ್ಕ ಎಂಬವುಗಳ ಸಂಗಡ ಹನ್ನಾ ಎಂಬದೂ ಹಕಾರದೊಂದಿಗೆ ಬಂತು. ಹೀಗೆ ಒಂದೇ ಮನೆಯಲ್ಲಿ ಅಕ್ಕನು ಆನ್ ಎಂದೂ ತಂಗಿಯು ಹನ್ನಾ ಎಂದೂ ಕರೆಯಲ್ಪಟ್ಟು, ಇಬ್ಬರ ಹೆಸರೂ ಒಂದೇ ಎಂಬದು ತಂದೆಗೇ ತಿಳಿಯದೆ ಇರಬಹುದಾಗಿತ್ತು. ಕೆಲವು ಪ್ಯೂರಿಟನರು ಇನ್ನೂ ಮುಂದೆ ಹೋಗಿ ‘ದೇವರನ್ನು ಸ್ತುತಿಸು’ ಎಂಬ ವಾಕ್ಯವನ್ನೇ ಹೆಸರಾಗಿಟ್ಟರು. ಆ ಹೆಸರಿನ ಬೇರ್‌ಬೋನ್ ಎಂಬವನಿಂದ 1653ರ ಪಾರ್ಲಿಮೆಂಟಿಗೇ ಅಡ್ಡಹೆಸರು ಬಿತ್ತು.

ಎರಡು ಹೆಸರುಗಳನ್ನು ಕೂಡಿಸುವದು ಇಂಗ್ಲೆಂಡಿನಲ್ಲಿ ಹಳೆಯ ವಾಡಿಕೆಯಲ್ಲ. 17ನೇ ಶತಮಾನದ ಆರಂಭದಲ್ಲಿ ಕ್ಯಾಮ್ಡನ್ ಎಂಬ ವಿದ್ವಾಂಸನು ತಮ್ಮ ದೇಶದಲ್ಲಿ ಎರಡು ಹೆಸರುಳ್ಳವರು ವಿರಳವೆಂದು ಬರೆದಿದ್ದಾನೆ. ಆ ಪದ್ಧತಿಯು ಸಮುದ್ರದ ಆಚೆಯ ಅರಮನೆಗಳಿಂದ ಬಂತು. 1625ರಲ್ಲಿ ಮೊದಲನೆಯ ಚಾರ್ಲ್ಸ್ ಅರಸನನ್ನು ಮದುವೆಯಾದ ಫ್ರೆಂಚ್ ರಾಜಪುತ್ರಿಯು ಹೆನ್ರಿಯೆಟಾ ಮರಿಯಾ ಎಂಬ ಜೋಡಿ ಹೆಸರಿನವಳು. 18ನೇ ಶತಮಾನದಲ್ಲಿ ಅದು ಸಾಮಾನ್ಯ ಜನರಲ್ಲಿಯೂ ಹರಡಿತು. ಆಗ ಮೇರಿ, ಎಲಿಜಬೆತ್, ಆನ್ ಎಂಬ ಮೂರು ಹೆಸರುಗಳು ಹೆಂಗಸರಲ್ಲಿ ತುಂಬಿಹೋಗಿದ್ದವು. ಬರೀ ಮೇರಿ ಎಂದರೆ ಯಾವ ಮೇರಿ ಎಂದು ಕೇಳಬೇಕಾಗುತ್ತಿತ್ತು. ಮೇರಿಯ ಬೆನ್ನಿಗೆ ಆನ್ ಸೇರಿತು. 1689ರಿಂದ 1694ರ ವರೆಗೆ ಆಳಿದ ಮೇರಿ ರಾಣಿಯೂ 1702ರಿಂದ 1714ರ ವರೆಗೆ ಆಳಿದ ಅವಳ ತಂಗಿ ಆನ್ ರಾಣಿಯೂ ಇದಕ್ಕೆ ಕಾರಣವೆಂದು ಹೇಳುವವರೂ ಇದ್ದಾರೆ. ಪಾರಂಪರ್ಯವನ್ನು ನಂಬುವವರಿಗಾದರೋ ಇದು ತಾಯಿ ಮಗಳ ಹೆಸರುಗಳು ಕೂಡಿದ ಹೆಸರು.

ಈ ಹೆಸರಿನವರಲ್ಲಿ ಒಬ್ಬಳನ್ನು ನಮ್ಮ ದೇಶವು ಮರೆಯಬಾರದು. ಮೇರಿ ಆನ್ ಕುಕ್ ಎಂಬವಳು 1821ರಲ್ಲಿ ಕಲ್ಕತ್ತೆಗೆ ಬಂದು, ಹೆಣ್ಣುಮಕ್ಕಳಿಗೆ ಅಕ್ಷರ ಕಲಿಸುವದೇ ವಿಚಿತ್ರವೆನಿಸುತ್ತಿದ್ದ ಆ ಕಾಲದಲ್ಲಿ ಬಂಗಾಳಿ ಭಾಷೆಯನ್ನು ಕಲಿತು ಅವರಿಗಾಗಿ ಶಾಲೆಗಳನ್ನು ತೆರೆದಳು.

ನಡುವಿನ ಗೆರೆಗೆ ಹೈಫನ್ ಎಂದು ಹೆಸರು. ಇದು ಗ್ರೀಕ್ ಮಾತು. ‘ಒಂದರ ಕೆಳಗೆ’, ಅಂದರೆ ‘ಒಟ್ಟಾಗಿ’ ಎಂದು ಅರ್ಥ. ಗೆರೆ ಇಲ್ಲದೆ ಮೇರಿ ಆನ್ ಎಂದು ಬರೆದರೆ ಆನ್ ಎಂಬದು ನಡುವಣ ಹೆಸರೆಂದು ಎಣಿಸಿ ಬಿಟ್ಟುಬಿಡಬಹುದು. ಗೆರೆ ಇದ್ದರೆ ಎರಡೂ ಕೂಡಿ ಒಂದೇ ಹೆಸರು. ನಮ್ಮ ಭಾಷೆಗೆ ಈ ಗೆರೆಯ ಅಗತ್ಯವೇ ಇಲ್ಲ. ಮರಿಯಮ್ಮ, ಅನ್ನಮ್ಮ ಎಂಬ ಹೆಸರುಗಳು ನಮ್ಮ ಸಭೆಗಳಲ್ಲಿ ಬಹುಕಾಲದಿಂದ ಇವೆ. ಸಂಧಿಯೇ ಇಲ್ಲಿ ಗೆರೆಯ ಕೆಲಸವನ್ನು ಮಾಡಿದೆ. ಮರಿಯಮ್ಮ ಎಂಬ ಹೆಸರು ಊರದೇವತೆಯಾದ ಮಾರಿಯಮ್ಮನದೆಂದು ನೆರೆಯವರು ತಿಳುಕೊಂಡರೆ, ಸದ್ದು ಹತ್ತಿರವಾದರೂ ಮೂಲ ಬೇರೆ ಎಂದು ಸಮಾಧಾನದಿಂದ ಹೇಳಬಹುದು.

ಹಾಗಾದರೆ ದೀಕ್ಷಾಸ್ನಾನದಲ್ಲಿ ಮಗಳಿಗೆ ಮೇರಿ-ಆನ್ ಎಂದು ಹೆಸರಿಡಬಹುದೋ ಎಂದು ಕೇಳಿದರೆ, ಇಡಬಹುದು, ಅದರಲ್ಲಿ ತಪ್ಪಿಲ್ಲ. ಆದರೆ ಕೃಪಾ ಎಂದು ಇಟ್ಟವರು ಹನ್ನಳ ಹೆಸರನ್ನೇ ಕನ್ನಡದಲ್ಲಿ ಇಟ್ಟಿದ್ದಾರೆಂಬದನ್ನು ತಿಳಿಯಬೇಕು. ಪರದೇಶದ ಹೆಸರಿಲ್ಲದಿದ್ದರೆ ಕ್ರೈಸ್ತಳಲ್ಲ ಎಂಬ ಮಾತಿಗೆ ಆಧಾರವಿಲ್ಲ. 1844ರಲ್ಲಿ ಮಂಗಳೂರಿನಲ್ಲಿ ದೀಕ್ಷಾಸ್ನಾನ ಹೊಂದಿದ ಆನಂದರಾವ್ ಕೌಂಡಿನ್ಯರು ತಮ್ಮ ಗುರುಗಳಾದ ಮೋಗ್ಲಿಂಗರ ಹೆರ್ಮನ್ ಎಂಬ ಹೆಸರನ್ನು ತೆಗೆದುಕೊಂಡರು. ತಂದೆತಾಯಿಗಳು ಇಟ್ಟದ್ದನ್ನೂ ಬಿಡಲಿಲ್ಲ. ಕಡೆಯ ವರೆಗೆ ಅವರು ಹೆರ್ಮನ್ ಆನಂದರಾವ್ ಕೌಂಡಿನ್ಯರೇ ಆಗಿದ್ದರು.

ಹೆಸರು ಯಾವದಾದರೂ ಆಗಲಿ, ಬರಹದಲ್ಲಿ ಒಂದೇ ರೀತಿ ಇರಬೇಕು. ಸಭೆಯ ಪುಸ್ತಕದಲ್ಲಿ ಮೇರಿ-ಆನ್, ಶಾಲೆಯಲ್ಲಿ ಮೇರಿ, ಪಡಿತರ ಚೀಟಿಯಲ್ಲಿ ಮರಿಯಮ್ಮ ಎಂದಿದ್ದರೆ ಮುಂದೆ ಆ ಹುಡುಗಿಯು ತಾನೇ ಆ ಮೂವರೂ ಎಂದು ಕಚೇರಿಗಳಲ್ಲಿ ಸಾಧಿಸಬೇಕಾಗುವದು. 1969ರ ಜನನ ಮರಣ ನೋಂದಣಿ ಕಾಯಿದೆಯ ಪ್ರಕಾರ ಹೆಸರಿಲ್ಲದೆ ನೋಂದಣಿಯಾದ ಕೂಸಿನ ಹೆಸರನ್ನು 12 ತಿಂಗಳೊಳಗೆ ಶುಲ್ಕವಿಲ್ಲದೆಯೂ, ಆ ಮೇಲೆ 15 ವರುಷಗಳ ವರೆಗೆ ಶುಲ್ಕ ಕೊಟ್ಟೂ ಸೇರಿಸಬಹುದು. 2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆ ಸೇರುವದಕ್ಕೂ ಬೇರೆ ಕೆಲಸಗಳಿಗೂ ಜನನಪತ್ರವೇ ಸಾಕ್ಷಿಯಾಗುತ್ತದೆ. ಪಾಸ್‌ಪೋರ್ಟಿನ ಕೆಳಗಡೆ ಯಂತ್ರವು ಓದುವ ಸಾಲಿನಲ್ಲಿ ಹೈಫನ್ ಅಚ್ಚಾಗುವದಿಲ್ಲ, ಆ ಸ್ಥಳದಲ್ಲಿ ಬೇರೊಂದು ಗುರುತು ಬೀಳುತ್ತದೆ. ಅದನ್ನು ಕಂಡು ಹೆಸರು ತಪ್ಪಾಯಿತೆಂದು ಹೆದರಬೇಕಾಗಿಲ್ಲ.