ಎರಡು ದೇಶ, ಒಂದು ಜೆರ್ಸಿ: ರಯಾನ್ ವಿಲಿಯಮ್ಸ್ ಅವರಿಂದ ಪೌರತ್ವದ ಪಾಠ



ರಾಜ್ಯಶಾಸ್ತ್ರದಲ್ಲಿ ಪೌರತ್ವದ ಅಧ್ಯಾಯವನ್ನು ಹೆಚ್ಚಿನವರು ಬಾಯಿಪಾಠ ಮಾಡಿಯೇ ಮುಗಿಸುತ್ತಾರೆ. ಸಂವಿಧಾನದ ಎರಡನೇ ಭಾಗ, 5ರಿಂದ 11ರವರೆಗಿನ ವಿಧಿಗಳು, 1955ರ ಪೌರತ್ವ ಕಾಯ್ದೆ, ಪೌರತ್ವ ಪಡೆಯುವ ಐದು ವಿಧಾನ, ಕಳೆದುಕೊಳ್ಳುವ ಮೂರು ವಿಧಾನ. ಇಷ್ಟು ಬರೆದರೆ ಅಂಕ ಸಿಗುತ್ತದೆ. ಆದರೆ ಇದೇ ಅಧ್ಯಾಯ ಒಬ್ಬ ಫುಟ್‌ಬಾಲ್ ಆಟಗಾರನ ಬದುಕಿನಲ್ಲಿ ಎಷ್ಟು ದೊಡ್ಡ ಪರೀಕ್ಷೆಯಾಗಿ ಬಂತು ಎಂಬುದನ್ನು ನೋಡಿದರೆ ಪಾಠ ಮರೆಯುವುದಿಲ್ಲ. ಆ ಆಟಗಾರ ನಮ್ಮ ರಾಜ್ಯದ ತಂಡವಾದ ಬೆಂಗಳೂರು ಎಫ್‌ಸಿಯ ರಯಾನ್ ವಿಲಿಯಮ್ಸ್.

ಢಾಕಾದ ಆ ಸಂಜೆ

2025ರ ನವೆಂಬರ್ 18. ಏಷ್ಯಾ ಕಪ್ ಅರ್ಹತಾ ಸುತ್ತಿನಲ್ಲಿ ಭಾರತ ಮತ್ತು ಬಾಂಗ್ಲಾದೇಶ ಢಾಕಾದಲ್ಲಿ ಮುಖಾಮುಖಿಯಾದವು. ಭಾರತ 0-1ರಿಂದ ಸೋತಿತು. ಫಲಿತಾಂಶವನ್ನು ಒತ್ತಟ್ಟಿಗಿಟ್ಟು, ಆ ಪಂದ್ಯಕ್ಕೆ ಸಂಬಂಧಿಸಿದ ಮೂವರನ್ನು ಗಮನಿಸಿ.

ಮೊದಲನೆಯವರು ಭಾರತದ ಕೋಚ್ ಖಾಲಿದ್ ಜಮೀಲ್. ಇವರು ಹುಟ್ಟಿದ್ದು 1977ರಲ್ಲಿ, ಕುವೈತ್‌ನಲ್ಲಿ. ಆದರೂ ಇವರು ಭಾರತೀಯರೇ.

ಎರಡನೆಯವರು ಬಾಂಗ್ಲಾದೇಶದ ಮಿಡ್‌ಫೀಲ್ಡರ್ ಹಂಝಾ ಚೌಧರಿ. ಹುಟ್ಟಿ ಬೆಳೆದದ್ದು ಇಂಗ್ಲೆಂಡಿನಲ್ಲಿ. ತಾಯಿಯ ಮೂಲ ಬಾಂಗ್ಲಾದೇಶದ ಹಬಿಗಂಜ್. ಇವರಿಗೆ ಎರಡೂ ದೇಶಗಳ ಪೌರತ್ವವಿದೆ.

ಮೂರನೆಯವರು ರಯಾನ್ ವಿಲಿಯಮ್ಸ್. ಭಾರತಕ್ಕಾಗಿ ಆಡಬೇಕೆಂದು ಆಸ್ಟ್ರೇಲಿಯಾದ ಪೌರತ್ವವನ್ನೇ ಬಿಟ್ಟವರು. ಭಾರತದ ಪಾಸ್‌ಪೋರ್ಟ್ ಕೈಗೆ ಬಂದಿತ್ತು, ತಂಡದ ಜೊತೆ ಪ್ರಯಾಣವೂ ಆಗಿತ್ತು. ಆದರೆ ಆ ದಿನ ಅವರು ಆಡುವಂತಿರಲಿಲ್ಲ.

ಎರಡು ದೇಶಗಳ ಪೌರತ್ವ ಇದ್ದವರು ಆಡಿದರು, ಒಂದನ್ನು ಬಿಟ್ಟುಕೊಟ್ಟು ಬಂದವರು ಕಾಯಬೇಕಾಯಿತು. ಯಾಕೆ ಹೀಗಾಯಿತು? ಉತ್ತರ ಹುಡುಕಲು ರಯಾನ್ ಅವರ ಆರಂಭದ ದಿನಗಳಿಂದ ಹೊರಡೋಣ.

ಪರ್ತ್‌ನಿಂದ ಪೋರ್ಟ್ಸ್‌ಮತ್‌ಗೆ

ರಯಾನ್ ಹುಟ್ಟಿದ್ದು 1993ರ ಅಕ್ಟೋಬರ್ 28ರಂದು, ಪಶ್ಚಿಮ ಆಸ್ಟ್ರೇಲಿಯಾದ ಪರ್ತ್ ನಗರದಲ್ಲಿ. ತಾಯಿ ಮುಂಬಯಿಯ ಆಂಗ್ಲೋ-ಇಂಡಿಯನ್ ಕುಟುಂಬದವರು. ತಾಯಿಯ ತಂದೆ 1950ರ ದಶಕದಲ್ಲಿ ಸಂತೋಷ್ ಟ್ರೋಫಿಯಲ್ಲಿ ಬಾಂಬೆ ತಂಡಕ್ಕೆ ಆಡಿದವರು. ಅಂದರೆ ಮನೆಯಲ್ಲಿ ಭಾರತದ ಫುಟ್‌ಬಾಲ್ ಮೊದಲೇ ಇತ್ತು. ಅಣ್ಣ ರೀಸ್ ಇಂಗ್ಲೆಂಡಿನ ಮಿಡಲ್ಸ್‌ಬರೋ ಕ್ಲಬ್ಬಿನಲ್ಲಿ ಆಡಿದವರು. ಮೊದಲು ವೇಲ್ಸ್‌ನ 21ರೊಳಗಿನವರ ತಂಡದಲ್ಲಿದ್ದು, ನಂತರ ಆಸ್ಟ್ರೇಲಿಯಾವನ್ನು ಆರಿಸಿಕೊಂಡರು. ರಯಾನ್ ಅವರ ಅವಳಿ ಸಹೋದರ ಅರಿನ್ ಮಣಿಪುರದ ನೆರೋಕಾ ಕ್ಲಬ್ಬಿಗೆ ಆಡಿದವರು. ಯಾವ ದೇಶದ ಜೆರ್ಸಿ ತೊಡಬೇಕು ಎಂಬ ಪ್ರಶ್ನೆ ಆ ಮನೆಗೆ ಹೊಸತಾಗಿರಲಿಲ್ಲ.

ಹದಿಹರೆಯದಲ್ಲೇ ರಯಾನ್ ಮನೆ ಬಿಟ್ಟು ಇಂಗ್ಲೆಂಡಿನ ಪೋರ್ಟ್ಸ್‌ಮತ್ ಕ್ಲಬ್ ಸೇರಿದರು. ನಿಮ್ಮದೇ ವಯಸ್ಸು ಎಂದುಕೊಳ್ಳಿ. 2011-12ರ ಋತುವಿನಲ್ಲಿ ಮೊದಲ ತಂಡದಲ್ಲಿ ಆಡುವ ಅವಕಾಶ ಸಿಕ್ಕಿತು. ಆದರೆ 2008ರಲ್ಲಿ ಎಫ್‌ಎ ಕಪ್ ಗೆದ್ದಿದ್ದ ಆ ಕ್ಲಬ್ ಆಗ ಸಾಲದಲ್ಲಿ ಮುಳುಗಿತ್ತು. 2012ರ ಜನವರಿಯಲ್ಲಿ ರಯಾನ್ ಲಂಡನ್ನಿನ ಫುಲ್ಹಾಮ್‌ಗೆ ಹೋದರು. ಮರು ತಿಂಗಳೇ ಪೋರ್ಟ್ಸ್‌ಮತ್ ದಿವಾಳಿಯ ಅಂಚಿಗೆ ತಲುಪಿ ಆಡಳಿತಾಧಿಕಾರಿಯ ಕೈಗೆ ಹೋಯಿತು.

ಫುಲ್ಹಾಮ್ ಆಗ ಪ್ರೀಮಿಯರ್ ಲೀಗ್ ಕ್ಲಬ್. ಊರಿನವರಿಗೆ ಹೇಳಿಕೊಳ್ಳಲು ದೊಡ್ಡ ಹೆಸರು. ಆದರೆ ಪ್ರೀಮಿಯರ್ ಲೀಗ್‌ನಲ್ಲಿ ಆಡುವ ಅವಕಾಶ ಅವರಿಗೆ ಸಿಗಲೇ ಇಲ್ಲ. ಇಂಥ ಯುವ ಆಟಗಾರರನ್ನು ಕ್ಲಬ್‌ಗಳು ಲೋನ್ ಮೇಲೆ ಬೇರೆ ಕಡೆ ಕಳುಹಿಸುತ್ತವೆ. ಒಪ್ಪಂದ ಮೂಲ ಕ್ಲಬ್ಬಿನ ಜೊತೆಗೇ ಇರುತ್ತದೆ, ಆಟ ಮಾತ್ರ ಇನ್ನೊಂದು ಕಡೆ. 2013-14ರಲ್ಲಿ ರಯಾನ್ ನಾಲ್ಕನೇ ದರ್ಜೆಯ ಲೀಗ್‌ನಲ್ಲಿದ್ದ ಆಕ್ಸ್‌ಫರ್ಡ್ ಯುನೈಟೆಡ್‌ಗೆ ಹೋಗಿ ಇಡೀ ಋತು ಆಡಿದರು. ಆಮೇಲೆ ಬಾರ್ನ್ಸ್‌ಲಿ, ರಾಥರ್‌ಹ್ಯಾಮ್, ಮತ್ತೆ ಪೋರ್ಟ್ಸ್‌ಮತ್, ಮತ್ತೆ ಆಕ್ಸ್‌ಫರ್ಡ್. 2022ರಲ್ಲಿ ಹುಟ್ಟೂರಿನ ಪರ್ತ್ ಗ್ಲೋರಿ.

ಇದರಲ್ಲಿ ಮಿಂಚಿನ ಏರಿಕೆ ಎಲ್ಲೂ ಇಲ್ಲ. ದೊಡ್ಡ ಕ್ಲಬ್ಬಿನ ಬೆಂಚಿನ ಮೇಲೆ ಕೂರುವುದಕ್ಕಿಂತ ಸಣ್ಣ ಕ್ಲಬ್ಬಿನ ಮೈದಾನದಲ್ಲಿ ಓಡುವುದು ಮೇಲು ಎಂಬ ಲೆಕ್ಕಾಚಾರ ಮಾತ್ರ ಇದೆ. ಹೆಸರಿನ ಕಾಲೇಜು ಸಿಗಲಿಲ್ಲ, ಬಯಸಿದ ಕೋರ್ಸ್ ಸಿಗಲಿಲ್ಲ ಎಂದು ಕೊರಗುವವರು ಈ ಭಾಗವನ್ನು ಇನ್ನೊಮ್ಮೆ ಓದಬಹುದು.

ಒಂದೇ ಒಂದು ಪಂದ್ಯ

ಇದರ ನಡುವೆ ರಯಾನ್ ಆಸ್ಟ್ರೇಲಿಯಾದ 20 ಮತ್ತು 23 ವರ್ಷದೊಳಗಿನವರ ತಂಡಗಳಿಗೆ ಆಡಿದರು. 2019ರ ಜೂನ್ 7ರಂದು ಬೂಸಾನ್‌ನಲ್ಲಿ ದಕ್ಷಿಣ ಕೊರಿಯಾ ವಿರುದ್ಧದ ಪಂದ್ಯದಲ್ಲಿ ಹಿರಿಯರ ತಂಡಕ್ಕೂ ಆಡಿದರು. ಅದೊಂದೇ ಪಂದ್ಯ. ಅದು ಸೌಹಾರ್ದ ಪಂದ್ಯವಾಗಿತ್ತು. ಈ 'ಸೌಹಾರ್ದ' ಎಂಬ ಪದವನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

2023ರಲ್ಲಿ ಅವರು ಬೆಂಗಳೂರು ಎಫ್‌ಸಿ ಸೇರಿದರು. 2013ರಲ್ಲಿ ಆರಂಭವಾದ ಈ ಕ್ಲಬ್ಬಿನ ತವರು ಕಂಠೀರವ ಕ್ರೀಡಾಂಗಣ. 2024-25ರ ಇಂಡಿಯನ್ ಸೂಪರ್ ಲೀಗ್‌ನಲ್ಲಿ ತಂಡ ಫೈನಲ್ ತಲುಪಿ ಮೋಹನ್ ಬಗಾನ್ ಎದುರು ಸೋತಿತು. ಆಗೆಲ್ಲ ರಯಾನ್ ವಿದೇಶಿ ಆಟಗಾರ. ಕ್ಲಬ್ಬಿಗೆ ಆಡಲು ಅದು ಅಡ್ಡಿಯಲ್ಲ, ದೇಶಕ್ಕೆ ಆಡಲು ಅಡ್ಡಿ. 2025ರ ನವೆಂಬರ್‌ನಲ್ಲಿ, 32ನೇ ವಯಸ್ಸಿನಲ್ಲಿ, ಬೆಂಗಳೂರಿನಲ್ಲಿ ಸುನಿಲ್ ಚೆಟ್ರಿ ಅವರ ಕೈಯಿಂದ ಅವರು ಭಾರತದ ಪಾಸ್‌ಪೋರ್ಟ್ ಸ್ವೀಕರಿಸಿದರು.

ಕಾನೂನು ಏನು ಹೇಳುತ್ತದೆ?

ಈಗ ಪಠ್ಯಕ್ಕೆ ಬರೋಣ. ಸಂವಿಧಾನದ 9ನೇ ವಿಧಿಯ ಪ್ರಕಾರ ತಾನಾಗಿ ಬೇರೆ ದೇಶದ ಪೌರತ್ವ ಪಡೆದವರು ಭಾರತದ ಪೌರರಲ್ಲ. 1955ರ ಕಾಯ್ದೆಯ 9ನೇ ಕಲಮೂ ಇದನ್ನೇ ಹೇಳುತ್ತದೆ. ವಯಸ್ಕ ಭಾರತೀಯನಿಗೆ ಪೌರತ್ವ ಒಂದೇ.

ಹಾಗಾದರೆ ಓಸಿಐ ಕಾರ್ಡ್? ಅದರ ಹೆಸರಿನಲ್ಲಿ 'ಸಾಗರೋತ್ತರ ಭಾರತೀಯ ಪೌರ' ಎಂದಿದ್ದರೂ ಅದು ಪೂರ್ಣ ಪೌರತ್ವವಲ್ಲ. ಕಾರ್ಡ್ ಇದ್ದವರು ಜೀವನಪರ್ಯಂತ ವೀಸಾ ಇಲ್ಲದೆ ಭಾರತಕ್ಕೆ ಬರಬಹುದು, ಇರಬಹುದು. ಮತ ಹಾಕುವಂತಿಲ್ಲ, ಚುನಾವಣೆಗೆ ನಿಲ್ಲುವಂತಿಲ್ಲ. ಕೇಂದ್ರ ಸರಕಾರ 2008ರಲ್ಲಿ ತಂದ ನಿಯಮದಂತೆ, ದೇಶದ ತಂಡದಲ್ಲಿ ಆಡಲು ಭಾರತದ ಪಾಸ್‌ಪೋರ್ಟೇ ಬೇಕು.

ಈ ನಿಯಮದ ಮುಂದೆ ನಿಂತವರಲ್ಲಿ ರಯಾನ್ ಮೊದಲಿಗರಲ್ಲ. ಜಪಾನಿನಲ್ಲಿ ಹುಟ್ಟಿದ ಅರಾಟಾ ಇಝುಮಿ ಅವರ ತಂದೆ ಭಾರತೀಯ ಮೂಲದವರು, ತಾಯಿ ಜಪಾನಿನವರು. 2012ರಲ್ಲಿ ಅವರು ಜಪಾನಿನ ಪೌರತ್ವ ಬಿಟ್ಟು ಭಾರತೀಯರಾದರು, 2013ರಲ್ಲಿ ಭಾರತಕ್ಕೆ ಆಡಿದರು. ಇಂಗ್ಲೆಂಡಿನ ಮೈಕೆಲ್ ಚೋಪ್ರಾ ಭಾರತಕ್ಕೆ ಆಡುವ ಆಸೆ ಹೇಳಿಕೊಂಡರೂ ಬ್ರಿಟಿಷ್ ಪೌರತ್ವದ ಪ್ರಶ್ನೆ ಅಡ್ಡಬಂತು, ಅದು ಕೈಗೂಡಲಿಲ್ಲ.

ಎರಡನೇ ಬಾಗಿಲು: ಫಿಫಾ

ಪಾಸ್‌ಪೋರ್ಟ್ ಸಿಕ್ಕ ಮೇಲೂ ರಯಾನ್ ಢಾಕಾದಲ್ಲಿ ಯಾಕೆ ಆಡಲಿಲ್ಲ? ಇಲ್ಲಿ ವಿದ್ಯಾರ್ಥಿಗಳು ಸಾಮಾನ್ಯವಾಗಿ ಎಡವುತ್ತಾರೆ. ಪೌರತ್ವ ಕೊಡುವುದು ದೇಶ. ದೇಶದ ತಂಡದಲ್ಲಿ ಆಡುವ ಅರ್ಹತೆಯನ್ನು ನಿರ್ಧರಿಸುವುದು ಫಿಫಾ. ಇವು ಎರಡು ಬೇರೆ ಬಾಗಿಲುಗಳು. ಒಂದರ ಕೀಲಿಯಿಂದ ಇನ್ನೊಂದು ತೆರೆಯುವುದಿಲ್ಲ.

ಫಿಫಾದ ನಿಯಮದಂತೆ, ಒಂದು ದೇಶದ ಹಿರಿಯರ ತಂಡಕ್ಕೆ ಅಧಿಕೃತ ಸ್ಪರ್ಧೆಯಲ್ಲಿ ಆಡಿದವರು ಸಾಮಾನ್ಯವಾಗಿ ಆ ದೇಶಕ್ಕೇ ಕಟ್ಟುಬೀಳುತ್ತಾರೆ. 2020ರಲ್ಲಿ ಇದನ್ನು ಸ್ವಲ್ಪ ಸಡಿಲಿಸಲಾಯಿತು. 21 ವರ್ಷ ತುಂಬುವ ಮೊದಲು ಅಂಥ ಮೂರಕ್ಕಿಂತ ಹೆಚ್ಚು ಪಂದ್ಯ ಆಡದೆ, ವಿಶ್ವಕಪ್ ಅಥವಾ ಖಂಡದ ಕಪ್‌ನ ಪ್ರಧಾನ ಸುತ್ತಿನಲ್ಲಿ ಆಡದೆ ಇದ್ದವರು, ಮೂರು ವರ್ಷಗಳ ಅಂತರದ ಬಳಿಕ, ಕೆಲವು ಷರತ್ತುಗಳ ಮೇಲೆ ದೇಶ ಬದಲಿಸಬಹುದು. ಸೌಹಾರ್ದ ಪಂದ್ಯ ಈ ಲೆಕ್ಕಕ್ಕೆ ಬರುವುದಿಲ್ಲ. ಬೂಸಾನ್‌ನ ಆ ಪಂದ್ಯ ವಿಶ್ವಕಪ್ ಅರ್ಹತಾ ಪಂದ್ಯವಾಗಿದ್ದರೆ, ಆಗ 25 ವರ್ಷದವರಾಗಿದ್ದ ರಯಾನ್‌ಗೆ ಭಾರತದ ಬಾಗಿಲು ಮುಚ್ಚುತ್ತಿತ್ತು.

ಆದರೂ ಹಳೆಯ ದೇಶದ ಫುಟ್‌ಬಾಲ್ ಸಂಸ್ಥೆಯ ಪತ್ರ ಬರಬೇಕು, ಫಿಫಾ ಒಪ್ಪಬೇಕು. ಢಾಕಾ ಪಂದ್ಯದ ಹೊತ್ತಿಗೆ ಆ ಕಾಗದಪತ್ರ ಮುಗಿದಿರಲಿಲ್ಲ. ಒಪ್ಪಿಗೆ ಬಂದದ್ದು ಪಂದ್ಯ ಮುಗಿದ ಬಳಿಕ.

ಹಂಝಾ ಅವರದು ಬೇರೆ ದಾರಿ. ಲೆಸ್ಟರ್ ಸಿಟಿಯ ಅಕಾಡೆಮಿಯಲ್ಲಿ ಬೆಳೆದು, ಲೋನ್ ಮೇಲೆ ಬರ್ಟನ್ ಆಲ್ಬಿಯನ್‌ನಲ್ಲಿ ಆಡಿ, 2017ರಲ್ಲಿ ಪ್ರೀಮಿಯರ್ ಲೀಗ್ ಪ್ರವೇಶಿಸಿದರು. 2021ರಲ್ಲಿ ಎಫ್‌ಎ ಕಪ್ ಗೆದ್ದ ತಂಡದಲ್ಲಿದ್ದರು. ಇಂಗ್ಲೆಂಡಿನ 21ರೊಳಗಿನವರ ತಂಡಕ್ಕೆ ಆಡಿದ್ದರೂ ಹಿರಿಯರ ತಂಡಕ್ಕೆ ಆಡಿರಲಿಲ್ಲ. ಬ್ರಿಟನ್ ಮತ್ತು ಬಾಂಗ್ಲಾದೇಶ ಎರಡೂ ಇಬ್ಬಗೆಯ ಪೌರತ್ವಕ್ಕೆ ಅವಕಾಶ ಕೊಡುವುದರಿಂದ ಅವರು ಏನನ್ನೂ ಬಿಡಬೇಕಾಗಲಿಲ್ಲ. 2024ರಲ್ಲಿ ಪಾಸ್‌ಪೋರ್ಟ್, ಅದೇ ವರ್ಷದ ಕೊನೆಗೆ ಫಿಫಾ ಒಪ್ಪಿಗೆ, 2025ರ ಮಾರ್ಚ್ 25ರಂದು ಶಿಲ್ಲಾಂಗ್‌ನಲ್ಲಿ ಭಾರತದ ವಿರುದ್ಧವೇ ಮೊದಲ ಪಂದ್ಯ.

ಮ್ಯಾಡ್ರಿಡ್‌ನಲ್ಲಿ ಹುಟ್ಟಿ ಮೊರಾಕ್ಕೊಗೆ ಆಡುವ ಅಶ್ರಫ್ ಹಕೀಮಿ ನಿಮಗೆಲ್ಲ ಗೊತ್ತು. 2022ರ ವಿಶ್ವಕಪ್ ಸೆಮಿಫೈನಲ್ ತಲುಪಿದ ಮೊರಾಕ್ಕೊದ 26 ಮಂದಿಯಲ್ಲಿ 14 ಮಂದಿ ಹೊರದೇಶಗಳಲ್ಲಿ ಹುಟ್ಟಿದವರು. ವಲಸೆ ಹೋದವರ ಮಕ್ಕಳಿಗೆ ಬಾಗಿಲು ತೆರೆದಿಟ್ಟ ದೇಶಕ್ಕೆ ಅದರಿಂದ ಲಾಭವಾಗಿದೆ.

ಇದು ನಮ್ಮ ಮನೆಯ ವಿಷಯವೂ ಹೌದು

ಬಿ.ಸಿ.ರೋಡ್, ಬಂಟ್ವಾಳ ಸುತ್ತಮುತ್ತ ಗಲ್ಫ್‌ನಲ್ಲಿ ದುಡಿಯುವವರಿಲ್ಲದ ಕುಟುಂಬ ಅಪರೂಪ. ಖಾಲಿದ್ ಜಮೀಲ್ ಅವರ ಕಥೆ ಆದ್ದರಿಂದ ನಮಗೆ ಹತ್ತಿರದ್ದು. ಅಲ್ಲಿ ಹುಟ್ಟಿದ ಮಾತ್ರಕ್ಕೆ ಕುವೈತ್‌ನ ಪೌರತ್ವ ಸಿಗುವುದಿಲ್ಲ. ಭಾರತೀಯ ತಂದೆತಾಯಿಯ ಮಗುವಿಗೆ ವಂಶದ ಮೂಲಕ ಭಾರತದ ಪೌರತ್ವ ಬರುತ್ತದೆ. ಕೊಲ್ಲಿ ಯುದ್ಧದ ಕಾಲದಲ್ಲಿ ಕುಟುಂಬ ಮುಂಬಯಿಗೆ ಬಂತು. ಹುಡುಗ ಇಲ್ಲಿ ಆಟಗಾರನಾದ, 2017ರಲ್ಲಿ ಐಜ್ವಾಲ್ ಎಫ್‌ಸಿಯನ್ನು ಐ-ಲೀಗ್ ಚಾಂಪಿಯನ್ ಮಾಡಿದ ಕೋಚ್ ಆದ, ಕೊನೆಗೆ ದೇಶದ ತಂಡದ ಹೊಣೆ ಹೊತ್ತ.

ಆದರೆ ವಂಶದ ಮೂಲಕ ಪೌರತ್ವ ಈಗ ತಾನಾಗಿಯೇ ಬರುವುದಿಲ್ಲ. 2004ರ ಡಿಸೆಂಬರ್ 3ರಿಂದ ಜಾರಿಗೆ ಬಂದ ತಿದ್ದುಪಡಿಯಂತೆ, ಹೊರದೇಶದಲ್ಲಿ ಹುಟ್ಟಿದ ಮಗುವಿನ ಜನನವನ್ನು ಒಂದು ವರ್ಷದೊಳಗೆ ಭಾರತದ ರಾಯಭಾರ ಕಚೇರಿಯಲ್ಲಿ ನೋಂದಾಯಿಸಬೇಕು. ತಡವಾದರೆ ಕೇಂದ್ರ ಸರಕಾರದ ಅನುಮತಿ ಬೇಕು. ಆಸ್ಪತ್ರೆಯ ಜನನ ಪತ್ರ ಇದ್ದರೆ ಸಾಕು ಎಂದು ಸುಮ್ಮನಿರುವುದು ತಪ್ಪು.

ಇನ್ನೊಂದು ವಿಷಯ ನಿಮ್ಮ ವಯಸ್ಸಿನವರಿಗೇ ಸಂಬಂಧಿಸಿದ್ದು. ಅಮೆರಿಕ, ಕೆನಡಾಗಳಲ್ಲಿ ಹುಟ್ಟಿದ ಮಗುವಿಗೆ ಆ ದೇಶದ ಪೌರತ್ವವೂ ಬರುತ್ತದೆ. ಹೀಗೆ ಎರಡು ಪೌರತ್ವ ಪಡೆದ ಅಪ್ರಾಪ್ತರ ಬಗ್ಗೆ 4ನೇ ಕಲಂ ಸ್ಪಷ್ಟವಾಗಿದೆ. 18 ತುಂಬಿದ ಆರು ತಿಂಗಳೊಳಗೆ ಇನ್ನೊಂದು ದೇಶದ ಪೌರತ್ವವನ್ನು ಬಿಡದಿದ್ದರೆ ಭಾರತದ ಪೌರತ್ವ ಹೋಗುತ್ತದೆ. ರಯಾನ್ 32ನೇ ವಯಸ್ಸಿನಲ್ಲಿ, ಯೋಚಿಸಿ ತೀರ್ಮಾನಿಸಿದರು. ನಿಮ್ಮ ತರಗತಿಯ ಒಬ್ಬ ವಿದ್ಯಾರ್ಥಿಗೆ ಅದೇ ತೀರ್ಮಾನ ದ್ವಿತೀಯ ಪಿಯುಸಿ ಪರೀಕ್ಷೆಯ ಹೊತ್ತಿಗೇ ಎದುರಾಗಬಹುದು. ಸುಮ್ಮನಿದ್ದರೆ ಕಾನೂನೇ ಅವರ ಪರವಾಗಿ ತೀರ್ಮಾನ ಮಾಡಿಬಿಡುತ್ತದೆ.

ಕೊನೆಯದಾಗಿ ಒಂದು ಎಚ್ಚರಿಕೆ. ರಯಾನ್ ಪೌರತ್ವ ಬಿಟ್ಟು ಬಂದರು, ಆದ್ದರಿಂದ ಅವರ ಪ್ರೀತಿ ದೊಡ್ಡದು, ಹಂಝಾ ಅವರದು ಸಣ್ಣದು ಎಂದು ಅಳೆಯಬೇಡಿ. ಹಂಝಾ ಲೆಸ್ಟರ್‌ನ ಹತ್ತಿರ ಬೆಳೆದರೂ ತಾಯಿಯ ಮನೆಮಾತಾದ ಸಿಲ್ಹೆಟಿ ಮಾತನಾಡುತ್ತಾರೆ. ಮನೆಯಲ್ಲಿ ಬ್ಯಾರಿ ಅಥವಾ ತುಳು, ಶಾಲೆಯಲ್ಲಿ ಕನ್ನಡ ಎಂದು ಬೆಳೆದ ನಮಗೆ ಅದು ಅರ್ಥವಾಗದ ಸಂಗತಿಯಲ್ಲ. ಒಬ್ಬರ ಮುಂದೆ ಕಾನೂನು 'ಒಂದನ್ನು ಬಿಡು' ಎಂದಿತು, ಇನ್ನೊಬ್ಬರ ಮುಂದೆ ಹಾಗೆನ್ನಲಿಲ್ಲ. ವ್ಯತ್ಯಾಸ ಇರುವುದು ಕಾನೂನಿನಲ್ಲಿ, ಅವರ ಮನಸ್ಸಿನಲ್ಲಿ ಅಲ್ಲ.

ಅಭ್ಯಾಸಕ್ಕೆ

1. ಖಾಲಿದ್ ಜಮೀಲ್ ಮತ್ತು ರಯಾನ್ ವಿಲಿಯಮ್ಸ್ ಇಬ್ಬರೂ ಹೊರದೇಶದಲ್ಲಿ ಹುಟ್ಟಿದವರು. ಇಬ್ಬರ ಭಾರತೀಯ ಪೌರತ್ವಕ್ಕೆ ಇರುವ ವ್ಯತ್ಯಾಸವೇನು?

2. ಪೌರತ್ವ ಮತ್ತು ಓಸಿಐ ಕಾರ್ಡಿನ ನಡುವಿನ ಮೂರು ವ್ಯತ್ಯಾಸಗಳನ್ನು ಬರೆಯಿರಿ.

3. ಚರ್ಚಿಸಿ: ಓಸಿಐ ಕಾರ್ಡ್ ಇದ್ದವರಿಗೆ ಭಾರತದ ತಂಡದಲ್ಲಿ ಆಡಲು ಅವಕಾಶ ಕೊಡಬೇಕೇ? ಅದರಿಂದ ಇಲ್ಲಿನ ಮೈದಾನಗಳಲ್ಲಿ ಬೆಳೆಯುತ್ತಿರುವ ಹುಡುಗರಿಗೆ ಲಾಭವೇ, ನಷ್ಟವೇ? ಎರಡೂ ಕಡೆಯ ವಾದಗಳನ್ನು ಬರೆದ ಬಳಿಕ ನಿಮ್ಮ ಅಭಿಪ್ರಾಯ ಹೇಳಿ.

4. ಮನೆಯಲ್ಲಿ ವಿಚಾರಿಸಿ: ನಿಮ್ಮ ಕುಟುಂಬದಲ್ಲಿ ಹೊರದೇಶದಲ್ಲಿ ಹುಟ್ಟಿದ ಮಕ್ಕಳಿದ್ದರೆ ಅವರ ಜನನ ನೋಂದಣಿ ರಾಯಭಾರ ಕಚೇರಿಯಲ್ಲಿ ಆಗಿದೆಯೇ? ಈ ಪ್ರಶ್ನೆಗೆ ಅಂಕವಿಲ್ಲ. ಆದರೆ ಉತ್ತರ ಇವತ್ತೇ ಗೊತ್ತಿರಲಿ.